ಅಲಕಾಪುರಿಯ ನಾಲ್ವರು ಮಂತ್ರಿಗಳು

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ಸೀಮೆಯ ಶ್ರಾವಕ ಕುಟುಂಬಗಳಿಗೆ ಶ್ರವಣಬೆಳಗೊಳದ ದೊಡ್ಡಬೆಟ್ಟವು ಬಾಲ್ಯದಿಂದಲೇ ಪರಿಚಿತವಾದ ಕ್ಷೇತ್ರ. ಭರತ-ಬಾಹುಬಲಿಯರ ಕಥೆಯನ್ನು ಕೇಳದ ಮನೆ ವಿರಳ. ಆದರೆ ಅವರ ತಂದೆಯಾದ ಆದಿತೀರ್ಥಂಕರ ವೃಷಭನಾಥರ ಹಿಂದಿನ ಭವಗಳಲ್ಲೊಂದಾದ ಮಹಾಬಲನ ವೃತ್ತಾಂತವು ಅಷ್ಟಾಗಿ ಪ್ರಚಾರದಲ್ಲಿಲ್ಲ. ಭಿನ್ನಮತದವರೊಡನೆ ಹೇಗೆ ನಡೆದುಕೊಳ್ಳಬೇಕೆಂಬ ಪ್ರಶ್ನೆಗೆ ಆ ವೃತ್ತಾಂತದಲ್ಲಿ ಗಂಭೀರವಾದ ಉತ್ತರವಿದೆ.

ಇದನ್ನು ವಿಸ್ತಾರವಾಗಿ ನಿರೂಪಿಸಿದವರು ಆಚಾರ್ಯ ಜಿನಸೇನರು. ಕ್ರಿ.ಶ. 837ರಲ್ಲಿ ಜಯಧವಲಾ ಟೀಕೆಯನ್ನು ಪೂರ್ಣಗೊಳಿಸಿದ ಇವರು ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ ಕಾಲದವರು. ಅವರು ಆರಂಭಿಸಿದ ಸಂಸ್ಕೃತ ಮಹಾಪುರಾಣವನ್ನು ಶಿಷ್ಯರಾದ ಗುಣಭದ್ರರು ಮುಗಿಸಿದರು. ಅದನ್ನು ಆಧರಿಸಿ ಪಂಪನು 941ರಲ್ಲಿ ಆದಿಪುರಾಣವನ್ನು ರಚಿಸಿದನು. 978ರಲ್ಲಿ ಚಾವುಂಡರಾಯನು ಅರುವತ್ತಮೂವರು ಶಲಾಕಾಪುರುಷರ ಚರಿತೆಯನ್ನು ಕನ್ನಡ ಗದ್ಯಕ್ಕೆ ತಂದನು. ದೊಡ್ಡಬೆಟ್ಟದ ಗೊಮ್ಮಟಮೂರ್ತಿಯನ್ನು ಮಾಡಿಸಿದವನೂ ಅವನೇ. ಹೀಗೆ ಬೆಳಗೊಳದ ಶಿಲ್ಪಕ್ಕೂ ಈ ಪುರಾಣಪರಂಪರೆಗೂ ನಿಕಟವಾದ ನಂಟಿದೆ.

ಮಹಾಬಲನ ರಾಜಧಾನಿ ಅಲಕಾಪುರಿ. ವಿಜಯಾರ್ಧ ಪರ್ವತದ ಮೇಲಿನ ಆ ನಗರದ ನಿವಾಸಿಗಳು ಆಕಾಶಗಮನವೇ ಮೊದಲಾದ ವಿದ್ಯೆಗಳನ್ನು ಸಾಧಿಸಿದ ವಿದ್ಯಾಧರರು. ಭೂಪಟದಲ್ಲಿ ಗುರುತಿಸಲಾಗದ ಆ ಲೋಕದಲ್ಲಿ ಕವಿಯು ಸ್ಥಾಪಿಸಿದ ವಾದಗಳು ಮಾತ್ರ ಭರತಖಂಡದ ದಾರ್ಶನಿಕರು ನಿಜವಾಗಿ ಪ್ರತಿಪಾದಿಸಿದವು. ರಾಜನ ವರ್ಷವೃದ್ಧಿಯ ಉತ್ಸವದಂದು ಮಂತ್ರಿ ಸ್ವಯಂಬುದ್ಧನು ಧರ್ಮದ ಮಹಿಮೆಯನ್ನು ಹೇಳಿದಾಗ, ಉಳಿದ ಮೂವರು ಮಂತ್ರಿಗಳು ಒಬ್ಬೊಬ್ಬರಾಗಿ ಎದ್ದು ವಿರೋಧಿಸುತ್ತಾರೆ. ಮಹಾಮತಿಯು ಭೂತವಾದಿ. ಹಿಟ್ಟು, ಬೆಲ್ಲ ಮೊದಲಾದವು ಕೂಡಿ ಹುಳಿತಾಗ ಮದಶಕ್ತಿ ಹುಟ್ಟುವಂತೆ ಭೂತಗಳು ಕೂಡಿದಾಗ ಚೈತನ್ಯ ಹುಟ್ಟುತ್ತದೆ, ಪರಲೋಕಕ್ಕೆ ಹೋಗುವ ಜೀವನೊಬ್ಬನಿಲ್ಲ ಎಂಬುದು ಅವನ ಪಕ್ಷ. ಸಂಭಿನ್ನಮತಿಯು ವಿಜ್ಞಾನವಾದಿ. ಕತ್ತರಿಸಿದ ಮೇಲೆ ಬೆಳೆದ ಉಗುರು-ಕೂದಲುಗಳನ್ನು ಮೊದಲಿನವೇ ಎಂದು ಭ್ರಮಿಸುವಂತೆ, ಕ್ಷಣಕ್ಷಣಕ್ಕೂ ಹೊಸದಾಗುವ ಜ್ಞಾನವನ್ನೇ ಸ್ಥಿರವಾದ ಆತ್ಮವೆಂದು ಭ್ರಮಿಸುತ್ತೇವೆ ಎನ್ನುತ್ತಾನೆ. ಶತಮತಿಗೆ ಜಗತ್ತೆಲ್ಲವೂ ಸ್ವಪ್ನದಂತೆ, ಗಂಧರ್ವನಗರದಂತೆ ಶೂನ್ಯ.

ಸ್ವಯಂಬುದ್ಧನು ಮೂವರಿಗೂ ಯುಕ್ತಿಯಿಂದಲೇ ಉತ್ತರ ಕೊಡುತ್ತಾನೆ. ಒರೆಯಲ್ಲಿರುವ ಖಡ್ಗವು ಒರೆಯಿಂದ ಬೇರೆಯಾಗಿರುವಂತೆ ದೇಹದಲ್ಲಿರುವ ಚೈತನ್ಯವು ದೇಹದಿಂದ ಬೇರೆ. ಅರಿಯುವವನು ಕ್ಷಣಕ್ಕೊಬ್ಬನಾದರೆ ನಿನ್ನೆ ಕಂಡದ್ದನ್ನು ಇಂದು ಗುರುತಿಸುವವನು ಯಾರು? ಸರ್ವವೂ ಶೂನ್ಯವಾದರೆ ಹಾಗೆ ಸಾಧಿಸುವ ಮಾತು ಶೂನ್ಯವೋ ಅಲ್ಲವೋ? ವಾದವು ಇಲ್ಲಿಗೆ ಮುಗಿಯಿತು, ಸಭೆಯೂ ಮೆಚ್ಚಿತು. ಇಲ್ಲಿ ಪ್ರತಿಪಕ್ಷದ ಮಾತನ್ನು ಹೇಳಿಸುತ್ತಿರುವವನು ಪ್ರತಿವಾದಿಯೇ ಆದ ಜೈನಕವಿ ಎಂಬುದನ್ನು ಮರೆಯಲಾಗದು. ಬೌದ್ಧರ ಸ್ವಂತ ಗ್ರಂಥಗಳಲ್ಲಿ ಈ ವಾದಗಳು ಇನ್ನೂ ಸೂಕ್ಷ್ಮವಾಗಿವೆ. ಆದರೂ ಎದುರಾಳಿಗೆ ರಾಜಸಭೆಯಲ್ಲಿ ಮಂತ್ರಿಯ ಆಸನವನ್ನೂ ದೃಷ್ಟಾಂತಸಹಿತವಾದ ಮಾತನ್ನೂ ಕೊಟ್ಟದ್ದು ಗಮನಾರ್ಹ.

ವಾದಜಯವನ್ನು ಕೊಂಡಾಡುವ ಪದ್ಧತಿ ಆ ಕಾಲದಲ್ಲಿ ಪ್ರಬಲವಾಗಿತ್ತು. ಚಿಕ್ಕಬೆಟ್ಟದ ಪಾರ್ಶ್ವನಾಥ ಬಸದಿಯಲ್ಲಿರುವ 1129ರ ಮಲ್ಲಿಷೇಣ ಪ್ರಶಸ್ತಿಯು ಸಮಂತಭದ್ರರು ಊರೂರುಗಳಲ್ಲಿ ವಾದಭೇರಿಯನ್ನು ಹೊಡೆಸಿದ್ದನ್ನೂ ಅಕಲಂಕರು ಬೌದ್ಧರನ್ನು ಜಯಿಸಿದ್ದನ್ನೂ ಅಭಿಮಾನದಿಂದ ಸ್ಮರಿಸುತ್ತದೆ. ಶಾಸನವು ವಿಜಯದಲ್ಲಿ ನಿಲ್ಲುತ್ತದೆ. ಪುರಾಣವಾದರೋ ಸೋತವರ ಮುಂದಿನ ಗತಿಯನ್ನೂ ಕೇಳುತ್ತದೆ.

ಮಹಾಬಲನಿಗೆ ಒಂದು ಕನಸು ಬಿದ್ದಿತ್ತು. ಮೂವರು ಮಂತ್ರಿಗಳು ತನ್ನನ್ನು ಕೆಸರಿಗೆ ತಳ್ಳಿದಂತೆಯೂ ಸ್ವಯಂಬುದ್ಧನು ಮೇಲೆತ್ತಿ ಸ್ನಾನ ಮಾಡಿಸಿದಂತೆಯೂ ಅವನು ಕಂಡನು. ಆಯುಷ್ಯ ಒಂದೇ ತಿಂಗಳು ಉಳಿದಿದೆಯೆಂದು ಸ್ವಯಂಬುದ್ಧನಿಂದ ತಿಳಿದು, ರಾಜ್ಯವನ್ನು ಮಗನಿಗೊಪ್ಪಿಸಿ ಸಲ್ಲೇಖನವನ್ನು ಕೈಗೊಂಡು ಲಲಿತಾಂಗದೇವನಾದನು. ಭವಗಳು ಸರಿದು ಶ್ರೀಧರದೇವನಾಗಿ ಹುಟ್ಟಿದಾಗ, ಕೇವಲಿಯಾಗಿದ್ದ ಪ್ರೀತಿಂಕರರನ್ನು ಕಂಡನು. ಅವರೇ ಹಿಂದಿನ ಸ್ವಯಂಬುದ್ಧ. ಅವರಲ್ಲಿ ಅವನು ಕೇಳಿದ ಪ್ರಶ್ನೆ ಹೃದಯಸ್ಪರ್ಶಿಯಾದುದು: ನನ್ನ ಆ ಮೂವರು ಮಂತ್ರಿಗಳು ಈಗ ಎಲ್ಲಿದ್ದಾರೆ?

ಮಹಾಮತಿ, ಸಂಭಿನ್ನಮತಿಯರು ನಿಗೋದದಲ್ಲಿದ್ದರು. ಅಲ್ಲಿ ಉಪದೇಶವನ್ನು ಕೇಳುವ ಇಂದ್ರಿಯವೇ ಇಲ್ಲ. ಶತಮತಿಯು ಎರಡನೆಯ ನರಕದಲ್ಲಿದ್ದನು. ಶ್ರೀಧರದೇವನು ಸ್ವರ್ಗಸುಖವನ್ನು ಬಿಟ್ಟು ನರಕಕ್ಕಿಳಿದು, ಹಳೆಯ ಪರಿಚಯವನ್ನು ನೆನಪಿಸಿ, ಅವನಿಗೆ ಧರ್ಮವನ್ನು ತಿಳಿಸಿದನು. ಶತಮತಿಯು ಸಮ್ಯಕ್ತ್ವವನ್ನು ಪಡೆದು ಮುಂದೆ ಚಕ್ರವರ್ತಿಯ ಮಗನಾದ ಜಯಸೇನನಾಗಿ ಹುಟ್ಟಿದಾಗಲೂ, ಅವನ ವಿವಾಹದ ಸಮಯಕ್ಕೆ ಸರಿಯಾಗಿ ಬಂದು ಎಚ್ಚರಿಸಿದವನು ಅದೇ ದೇವನು. ಜಯಸೇನನು ದೀಕ್ಷೆ ವಹಿಸಿ ಬ್ರಹ್ಮೇಂದ್ರನಾದನು. ಕನಸಿನಲ್ಲಿ ಕೆಸರಿಗೆ ತಳ್ಳಿದವನನ್ನು ನರಕದಿಂದ ಮೇಲೆತ್ತಲು ಹೋದ ಈ ಜೀವವೇ ಮುಂದೆ ಆದಿತೀರ್ಥಂಕರನಾಯಿತು.

ಭಿನ್ನವಾದ ದರ್ಶನವನ್ನು ಹೇಳಿದವರಿಗೆ ನರಕ ನಿಗೋದಗಳನ್ನು ವಿಧಿಸಿದ ಭಾಗವು ಇಂದಿನ ಓದುಗರಿಗೆ ಕಠಿನವೆನಿಸಬಹುದು. ಅನೇಕಾಂತದ ಬೆಳಕಿನಲ್ಲಿ ಅದನ್ನು ಅಕ್ಷರಶಃ ಇತರ ಮತದವರ ಮೇಲೆ ಆರೋಪಿಸುವುದು ಉಚಿತವಲ್ಲ. ಕಥೆಯ ತಿರುಳು ಅವರಿಗೆ ಒದಗಿದ ಶಿಕ್ಷೆಯಲ್ಲಿಲ್ಲ, ಅವರನ್ನು ಅರಸಿ ಹೋದ ಕರುಣೆಯಲ್ಲಿದೆ.

ಮನೆತನಗಳಲ್ಲಿ ಪಾಲಿನ ವಿಷಯಕ್ಕೆ, ಬಸದಿಗಳ ಆಡಳಿತ ಮಂಡಳಿಗಳಲ್ಲಿ ಪೂಜಾವಿಧಿ, ಲೆಕ್ಕಪತ್ರ, ಜೀರ್ಣೋದ್ಧಾರಗಳ ವಿಷಯಕ್ಕೆ ಭಿನ್ನಾಭಿಪ್ರಾಯ ಬರುವುದು ಸಹಜ. ಬಹುಮತದಿಂದ ನಿರ್ಣಯವಾದೊಡನೆ ಕಾರ್ಯ ಮುಗಿಯಿತೆಂದು ಭಾವಿಸಿದರೆ, ಸೋತ ಪಕ್ಷದ ಕುಟುಂಬ ಕ್ರಮೇಣ ಬಸದಿಗೆ ಬರುವುದನ್ನೇ ಬಿಡುತ್ತದೆ. ಗೆದ್ದವರ ಹೊಣೆ ಆರಂಭವಾಗುವುದು ಆಗಲೇ. ಮೂವರಲ್ಲಿ ಇಬ್ಬರು ಮಾತು ತಲುಪದ ದೂರಕ್ಕೆ ಹೋಗಿಬಿಟ್ಟಿದ್ದರು, ಒಬ್ಬನಷ್ಟೇ ಕೇಳಬಲ್ಲವನಾಗಿದ್ದನು. ಕಿವಿಗೆ ಮಾತು ತಲುಪುವ ಕಾಲದಲ್ಲಿಯೇ, ಗೆದ್ದವನೇ ಸೋತವನ ಬಾಗಿಲಿಗೆ ಹೋಗುವುದು ಅಹಿಂಸಾಧರ್ಮದ ಆಚರಣೆ.