ಹಿತ್ತಲ ಗಿಡ ಮದ್ದಾಗುವ ಬಗೆ

ದೊಡ್ಡ ಫುಟ್‌ಬಾಲ್ ಕ್ಲಬ್ಬೊಂದು ನಾಲ್ಕಾರು ಪಂದ್ಯ ಸತತವಾಗಿ ಸೋತರೆ ಸಾಕು, ಅಭಿಮಾನಿಗಳ ಬಾಯಿಗೆ ಮೊದಲು ಬರುವುದು ಹಳೆಯ ಆಟಗಾರನೊಬ್ಬನ ಹೆಸರು. ಒಂದು ಕಾಲಕ್ಕೆ ಗೋಲು ಹೊಡೆದು ಗೆಲ್ಲಿಸಿದವನು ಈಗ ಮ್ಯಾನೇಜರ್ ಆಗಿ ಬಂದರೆ ಎಲ್ಲವೂ ಸರಿಹೋದೀತು ಎಂಬ ಆಸೆ ಅದು. ಈ ಆಸೆಗೆ ಕ್ಲಬ್‌ಗಳು ಓಗೊಟ್ಟಾಗಲೆಲ್ಲ ಒಂದೇ ಬಗೆಯ ಫಲ ಸಿಕ್ಕಿಲ್ಲ. 2009ರಲ್ಲಿ ನ್ಯೂಕ್ಯಾಸಲ್ ಯುನೈಟೆಡ್ ತನ್ನ ಪರ 206 ಗೋಲು ಹೊಡೆದಿದ್ದ ಅಲನ್ ಶಿಯರರ್ ಕೈಗೆ ತಂಡವನ್ನು ಒಪ್ಪಿಸಿತು. ಎಂಟೇ ಪಂದ್ಯಗಳಲ್ಲಿ ಅದು ಕೆಳಗಿನ ದರ್ಜೆಗೆ ಜಾರಿತು. 2016ರಲ್ಲಿ ರಿಯಲ್ ಮ್ಯಾಡ್ರಿಡ್ ಜಿನೆದಿನ್ ಜಿದಾನ್ ಅವರನ್ನು ಆರಿಸಿತು. ಸತತ ಮೂರು ವರ್ಷ ಚಾಂಪಿಯನ್ಸ್ ಲೀಗ್ ಗೆದ್ದಿತು. ಇಬ್ಬರೂ ತಮ್ಮ ತಮ್ಮ ಊರಿನಲ್ಲಿ ಆರಾಧ್ಯರೇ. ಆದರೂ ಫಲ ಇಷ್ಟು ಬೇರೆಯಾಯಿತೇಕೆ?

ಅರವತ್ತು ವರ್ಷಗಳಿಗೂ ಮಿಕ್ಕಿದ ಇಂಥ ನೇಮಕಗಳನ್ನು ಸಾಲಾಗಿ ಇಟ್ಟು ನೋಡಿದರೆ ಒಂದು ಸಂಗತಿ ಎದ್ದು ಕಾಣುತ್ತದೆ. ಆಟಗಾರನಾಗಿ ಅವನು ಎಷ್ಟು ದೊಡ್ಡವನಾಗಿದ್ದ ಎಂಬುದು ಇಲ್ಲಿ ನಿರ್ಣಾಯಕವಲ್ಲ. ಬೂಟು ಕಳಚಿದ ದಿನಕ್ಕೂ ತಂಡ ಕೈಗೆ ಬಂದ ದಿನಕ್ಕೂ ನಡುವೆ ಅವನು ಎಲ್ಲಿದ್ದ, ಏನು ಕಲಿತ, ಮತ್ತು ಕ್ಲಬ್ ಅವನನ್ನು ಯಾತಕ್ಕಾಗಿ ಕರೆಯಿತು ಎಂಬುದೇ ನಿರ್ಣಾಯಕ.

ಮನೆಯೊಳಗೇ ಪಳಗಿದವರು

ಜಿದಾನ್ ಹಾದಿಯನ್ನು ಮ್ಯಾಡ್ರಿಡ್‌ನಲ್ಲಿ ಮೊದಲು ತುಳಿದವರು ಮಿಗೆಲ್ ಮುನ್ಯೋಸ್. 1956 ಮತ್ತು 1957ರಲ್ಲಿ ರಿಯಲ್ ಮ್ಯಾಡ್ರಿಡ್ ಯುರೋಪಿಯನ್ ಕಪ್ ಗೆದ್ದಾಗ ಅವರೇ ನಾಯಕ. ಆಟ ನಿಲ್ಲಿಸಿದ ಮೇಲೆ ಕ್ಲಬ್ಬಿನ ಕಿರಿಯ ತಂಡವಾದ ಪ್ಲಸ್ ಅಲ್ಟ್ರಾಗೆ ತರಬೇತಿ ಕೊಟ್ಟು ಪಳಗಿ, 1960ರಲ್ಲಿ ಮುಖ್ಯ ತಂಡಕ್ಕೆ ಬಂದರು. ಅದೇ ವರ್ಷ ಯುರೋಪಿಯನ್ ಕಪ್ ಎತ್ತಿ, ಆಟಗಾರನಾಗಿಯೂ ಕೋಚ್ ಆಗಿಯೂ ಆ ಕಪ್ ಗೆದ್ದ ಮೊದಲಿಗರಾದರು. 1974ರವರೆಗೆ ಉಳಿದು ಒಂಬತ್ತು ಬಾರಿ ಸ್ಪೇನಿನ ಲೀಗ್ ಗೆದ್ದುಕೊಟ್ಟರು.

ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ ಬಾಬ್ ಪೇಸ್ಲಿ ಅವರದು ಇನ್ನೂ ನಿಧಾನದ ಹಾದಿ. ಅವರು ತಾರೆಯೇನಲ್ಲ, ಗಟ್ಟಿಮುಟ್ಟಾದ ನಂಬಿಕಸ್ಥ ಆಟಗಾರ. 1954ರಲ್ಲಿ ಆಟ ಬಿಟ್ಟ ಮೇಲೆ ಕ್ಲಬ್ ಬಿಡಲಿಲ್ಲ. ಗಾಯಾಳುಗಳ ಆರೈಕೆ ಮಾಡಿದರು, ಕಿರಿಯರನ್ನು ತಿದ್ದಿದರು, 1959ರಲ್ಲಿ ಬಿಲ್ ಶಾಂಕ್ಲಿ ಮ್ಯಾನೇಜರ್ ಆಗಿ ಬಂದಾಗ ಅವರ ಬಲಗೈಯಾದರು. ಆನ್‌ಫೀಲ್ಡ್ ಕ್ರೀಡಾಂಗಣದ ಬೂಟುಗಳ ಕೋಣೆಯಲ್ಲಿ ಕೂತು ಕೋಚ್‌ಗಳು ಆಡುತ್ತಿದ್ದ ಮಾತುಕತೆಯೇ ಅವರ ಪಾಠಶಾಲೆ. 1974ರಲ್ಲಿ ಶಾಂಕ್ಲಿ ನಿವೃತ್ತರಾದಾಗ ಪೇಸ್ಲಿ ಹಿಂಜರಿಯುತ್ತಲೇ ಜವಾಬ್ದಾರಿ ಹೊತ್ತರು. ಒಂಬತ್ತು ವರ್ಷಗಳಲ್ಲಿ ಆರು ಲೀಗ್, ಮೂರು ಯುರೋಪಿಯನ್ ಕಪ್. ತಮ್ಮದೇ ಕ್ಲಬ್ಬಿನ ಮ್ಯಾನೇಜರ್ ಆದ ಮಾಜಿ ಆಟಗಾರರಲ್ಲಿ ಇವರಷ್ಟು ಗೆದ್ದವರು ಬೆರಳೆಣಿಕೆಯಷ್ಟೂ ಸಿಗುವುದಿಲ್ಲ. ಅವರ ಹಿಂದೆ ಇದ್ದದ್ದು ಇಪ್ಪತ್ತು ವರ್ಷಗಳ ಸದ್ದಿಲ್ಲದ ದುಡಿಮೆ.

ಆಡುತ್ತಲೇ ತಂಡ ಹೊತ್ತವರು

1980ರ ದಶಕದಲ್ಲಿ ಇಂಗ್ಲಿಷ್ ಕ್ಲಬ್‌ಗಳು ಆಟಗಾರನನ್ನೇ ಮ್ಯಾನೇಜರ್ ಮಾಡುವ ಪ್ರಯೋಗಕ್ಕೆ ಇಳಿದವು. ಅದರ ಅತ್ಯಂತ ಬೆಳಗಿದ ನಿದರ್ಶನ ಕೆನ್ನಿ ಡಾಲ್ಗ್ಲಿಷ್. 1985ರ ಮೇ 29ರಂದು ಬ್ರಸೆಲ್ಸ್‌ನ ಹೈಸಲ್ ಕ್ರೀಡಾಂಗಣದಲ್ಲಿ 39 ಮಂದಿ ಸತ್ತ ದುರಂತದ ಬೆನ್ನಿಗೇ, 34ನೇ ವಯಸ್ಸಿನಲ್ಲಿ ಅವರು ಲಿವರ್‌ಪೂಲ್ ಮ್ಯಾನೇಜರ್ ಆದರು. ಅನುಭವ ಇರಲಿಲ್ಲ, ನಿಜ. ಆದರೆ ಪಕ್ಕದಲ್ಲಿ ಸಲಹೆಗಾರನಾಗಿ ಪೇಸ್ಲಿ ಇದ್ದರು, ಬೂಟುಗಳ ಕೋಣೆಯ ಹಿರಿಯರು ಇದ್ದರು. ಮೊದಲ ವರ್ಷವೇ ಲೀಗ್ ಮತ್ತು ಎಫ್‌ಎ ಕಪ್ ಎರಡೂ ಬಂದವು. ಲೀಗ್ ಖಚಿತಪಡಿಸಿದ ಗೋಲನ್ನು ಚೆಲ್ಸಿಯ ಮೈದಾನದಲ್ಲಿ ಹೊಡೆದವರು ಸ್ವತಃ ಡಾಲ್ಗ್ಲಿಷ್.

ಕ್ಲಬ್ಬಿನ ಮನುಷ್ಯನೇ ಮ್ಯಾನೇಜರ್ ಆಗಿರುವುದರ ಅರ್ಥವೇನೆಂದು ತಿಳಿದದ್ದು 1989ರಲ್ಲಿ. ಹಿಲ್ಸ್‌ಬರೊ ಕ್ರೀಡಾಂಗಣದ ನೂಕುನುಗ್ಗಲು 97 ಲಿವರ್‌ಪೂಲ್ ಅಭಿಮಾನಿಗಳ ಜೀವ ತೆಗೆಯಿತು. ಡಾಲ್ಗ್ಲಿಷ್ ಆಸ್ಪತ್ರೆಗಳಿಗೆ ಹೋದರು, ಸಾಲು ಸಾಲು ಅಂತ್ಯಕ್ರಿಯೆಗಳಲ್ಲಿ ನಿಂತರು, ಮನೆ ಮನೆಯ ದುಃಖವನ್ನು ತಮ್ಮದಾಗಿಸಿಕೊಂಡರು. ಹೊರಗಿನ ಎಷ್ಟೇ ಚತುರ ಕೋಚ್‌ಗೂ ಅಂಥ ಸಲುಗೆ ಸಿಗುತ್ತಿರಲಿಲ್ಲ. ಅದಕ್ಕೆ ತೆತ್ತ ಬೆಲೆಯೂ ದೊಡ್ಡದು: 1991ರ ಫೆಬ್ರುವರಿಯಲ್ಲಿ, ಎವರ್ಟನ್ ವಿರುದ್ಧದ ಪಂದ್ಯ 4-4ರಿಂದ ಡ್ರಾ ಆದ ಬೆನ್ನಿಗೇ, ಒತ್ತಡ ತಾಳಲಾರದೆ ಅವರು ಹುದ್ದೆ ಬಿಟ್ಟರು. ಕ್ಲಬ್ ತನ್ನದೆಂದು ಭಾವಿಸುವವನು ಅದರ ಭಾರವನ್ನೂ ಇಮ್ಮಡಿಯಾಗಿ ಹೊರುತ್ತಾನೆ. ಅದನ್ನು ಹಂಚಿಕೊಳ್ಳುವ ಹೊಣೆ ಕ್ಲಬ್ಬಿನದು.

ಅವರ ನಂತರ ಬಂದ ಗ್ರೇಮ್ ಸೂನೆಸ್ ಕೂಡ ಲಿವರ್‌ಪೂಲ್‌ನ ಹಿಂದಿನ ನಾಯಕರೇ. ಸ್ಕಾಟ್ಲೆಂಡಿನ ರೇಂಜರ್ಸ್‌ನಲ್ಲಿ ಗೆದ್ದು ಬಂದಿದ್ದರು. 1992ರಲ್ಲಿ ಎಫ್‌ಎ ಕಪ್ ಗೆದ್ದರು. ಆದರೆ ಹಿಲ್ಸ್‌ಬರೊ ಬಗ್ಗೆ ಸುಳ್ಳು ವರದಿ ಮಾಡಿದ್ದಕ್ಕೆ ಊರೇ ಬಹಿಷ್ಕರಿಸಿದ್ದ ‘ದಿ ಸನ್’ ಪತ್ರಿಕೆಗೆ ತಮ್ಮ ಹೃದಯ ಶಸ್ತ್ರಚಿಕಿತ್ಸೆಯ ಕಥೆ ಕೊಟ್ಟಿದ್ದನ್ನು ಜನ ಕ್ಷಮಿಸಲಿಲ್ಲ. ಹೊರಗಿನವನ ತಪ್ಪನ್ನು ಅಜ್ಞಾನವೆಂದು ಬಿಡುವ ಜನ ತಮ್ಮವನ ತಪ್ಪನ್ನು ದ್ರೋಹವೆಂದು ಎಣಿಸುತ್ತಾರೆ.

ಆಟಗಾರನಾಗಿ ಎಷ್ಟೇ ಎತ್ತರಕ್ಕೇರಿದ್ದರೂ ಗೆಲುವು ಖಾತ್ರಿಯಲ್ಲ ಎಂಬುದಕ್ಕೆ ಆಲ್ಫ್ರೆಡೊ ಡಿ ಸ್ಟೆಫಾನೊ ಸಾಕ್ಷಿ. ಐದು ಯುರೋಪಿಯನ್ ಕಪ್ ಗೆದ್ದ ಆಟಗಾರ. ಕೋಚ್ ಆಗಿಯೂ ವೆಲೆನ್ಸಿಯಾ, ಬೋಕಾ, ರಿವರ್ ಪ್ಲೇಟ್ ತಂಡಗಳಿಗೆ ಲೀಗ್ ಗೆದ್ದುಕೊಟ್ಟಿದ್ದರು. ತಮ್ಮ ಮ್ಯಾಡ್ರಿಡ್‌ಗೆ ಮರಳಿದ 1982-83ರಲ್ಲಿ ಐದು ಸ್ಪರ್ಧೆಗಳಲ್ಲೂ ಎರಡನೇ ಸ್ಥಾನವೇ ಗತಿಯಾಯಿತು. ಅದರಲ್ಲೊಂದು ಫೈನಲ್‌ನಲ್ಲಿ ಅವರನ್ನು ಸೋಲಿಸಿದ್ದು ಅಲೆಕ್ಸ್ ಫರ್ಗ್ಯುಸನ್ ಎಂಬ ಯುವ ಕೋಚ್‌ನ ಅಬರ್ಡೀನ್.

ವಿಚಾರದ ವಾರಸುದಾರಿಕೆ

ಮರಳಿ ಬಂದವನು ಟ್ರೋಫಿಗಿಂತ ದೊಡ್ಡದನ್ನು ಕೊಡಬಲ್ಲ ಎಂದು ತೋರಿಸಿದವರು ಯೋಹಾನ್ ಕ್ರೈಫ್. 1973ರಿಂದ 1978ರವರೆಗೆ ಬಾರ್ಸಿಲೋನಾ ಪರ ಆಡಿದ ಅವರು ಹತ್ತು ವರ್ಷಗಳ ನಂತರ ಕೋಚ್ ಆಗಿ ಬಂದರು. ಅಷ್ಟರಲ್ಲಿ ತಮ್ಮ ಇನ್ನೊಂದು ತವರಾದ ಅಯಾಕ್ಸ್‌ಗೆ 1987ರಲ್ಲಿ ಯುರೋಪಿನ ಕಪ್ ವಿನ್ನರ್ಸ್ ಕಪ್ ಗೆದ್ದುಕೊಟ್ಟಿದ್ದರು. ಬಾರ್ಸಿಲೋನಾದಲ್ಲಿ ಅವರು 1991ರಿಂದ ಸತತ ನಾಲ್ಕು ಲೀಗ್ ಗೆದ್ದರು. 1992ರಲ್ಲಿ ವೆಂಬ್ಲಿಯಲ್ಲಿ ಸಂಪ್ದೋರಿಯಾವನ್ನು 1-0 ಅಂತರದಿಂದ ಮಣಿಸಿ ಕ್ಲಬ್ಬಿಗೆ ಮೊದಲ ಯುರೋಪಿಯನ್ ಕಪ್ ತಂದರು. ಅದಕ್ಕಿಂತ ಮುಖ್ಯವಾಗಿ, ಚೆಂಡನ್ನು ತಮ್ಮಲ್ಲೇ ಇಟ್ಟುಕೊಂಡು ಜಾಗ ಹುಡುಕುವ ಆಟವನ್ನು ಕಿರಿಯರ ತಂಡಗಳವರೆಗೆ ಇಳಿಸಿದರು.

ಆ ಪಾಠದಲ್ಲಿ ಬೆಳೆದ ಹುಡುಗ ಪೆಪ್ ಗಾರ್ಡಿಯೋಲಾ. 2001ರಲ್ಲಿ ಕ್ಲಬ್ ಬಿಟ್ಟು ಇಟಲಿ, ಕತಾರ್, ಮೆಕ್ಸಿಕೊ ತಿರುಗಿದರು. ಅರ್ಜೆಂಟೀನಾಕ್ಕೆ ಹೋಗಿ ಕೋಚ್ ಮಾರ್ಸೆಲೊ ಬಿಯೆಲ್ಸಾ ಅವರೊಂದಿಗೆ ಗಂಟೆಗಟ್ಟಲೆ ಚರ್ಚಿಸಿದರು. 2007ರಲ್ಲಿ ಬಾರ್ಸಿಲೋನಾದ ಬಿ ತಂಡವನ್ನು ಸ್ಪೇನಿನ ನಾಲ್ಕನೇ ದರ್ಜೆಯಲ್ಲಿ ವಹಿಸಿಕೊಂಡು ಬಡ್ತಿ ಕೊಡಿಸಿದರು. 2008ರಲ್ಲಿ ಮುಖ್ಯ ತಂಡ ಸಿಕ್ಕಾಗ ಮೊದಲ ಲೀಗ್ ಪಂದ್ಯವನ್ನು ಪುಟ್ಟ ನುಮಾನ್ಸಿಯಾ ಎದುರು ಸೋತರೂ ಕ್ಲಬ್ ಗಾಬರಿಬೀಳಲಿಲ್ಲ. ನಾಲ್ಕು ವರ್ಷಗಳಲ್ಲಿ 14 ಟ್ರೋಫಿಗಳು ಬಂದವು. ಇಲ್ಲಿ ಕ್ಲಬ್ ಆರಿಸಿದ್ದು ಒಂದು ಆಟದ ಬಗೆಯನ್ನು. ಆ ಬಗೆಯನ್ನು ಒಳಗಿನಿಂದ ಬಲ್ಲವನು ಆ ಕಾರಣಕ್ಕಾಗಿ ಆಯ್ಕೆಯಾದ.

ಅವಸರದ ನೇಮಕಗಳು

ಇಂಥ ಯಶಸ್ಸುಗಳನ್ನು ಕಂಡ ಬೇರೆ ಕ್ಲಬ್‌ಗಳು ಹೆಸರನ್ನು ಅನುಕರಿಸಿದವು, ಹಾದಿಯನ್ನಲ್ಲ. ಶಿಯರರ್ ನ್ಯೂಕ್ಯಾಸಲ್‌ಗೆ ಬಂದದ್ದು ಟಿವಿ ವಿಶ್ಲೇಷಕನ ಕುರ್ಚಿಯಿಂದ. ಎಂಟು ಪಂದ್ಯಗಳಲ್ಲಿ ಒಂದು ಗೆಲುವು, ಎರಡು ಡ್ರಾ. ಆಮೇಲೆ ಅವರು ಯಾವ ತಂಡಕ್ಕೂ ಮ್ಯಾನೇಜರ್ ಆಗಲಿಲ್ಲ. ಮುಳುಗುತ್ತಿದ್ದ ತಂಡ ಕೊನೆಯ ಗಳಿಗೆಯಲ್ಲಿ ಒಬ್ಬ ಊರಿನ ಮಗನ ಹೆಗಲೇರಿತು. ಕಲಿಯಲು ಅವರಿಗೆ ಸಮಯವೇ ಸಿಗಲಿಲ್ಲ.

2020ರಲ್ಲಿ ಯುವೆಂಟಸ್ ಆಂಡ್ರಿಯಾ ಪಿರ್ಲೊ ಅವರನ್ನು ಕಿರಿಯರ ತಂಡಕ್ಕೆ ಕೋಚ್ ಎಂದು ಘೋಷಿಸಿ, ಹತ್ತು ದಿನ ಕಳೆಯುವ ಮುನ್ನವೇ ಮುಖ್ಯ ತಂಡಕ್ಕೆ ಬಡ್ತಿ ಕೊಟ್ಟಿತು. ಕೋಚಿಂಗ್ ಡಿಪ್ಲೊಮಾದ ಪ್ರಬಂಧವನ್ನು ಅವರು ಒಪ್ಪಿಸಿದ್ದು ಆ ಹುದ್ದೆಯಲ್ಲಿ ಕೂತ ಮೇಲೆ. ಕೊಪ್ಪಾ ಇಟಾಲಿಯಾ ಗೆದ್ದರೂ, ಒಂಬತ್ತು ವರ್ಷಗಳ ಸತತ ಲೀಗ್ ಪಟ್ಟ ಕೈತಪ್ಪಿ ತಂಡ ನಾಲ್ಕನೇ ಸ್ಥಾನಕ್ಕಿಳಿಯಿತು. ವರ್ಷ ತುಂಬುವ ಮೊದಲೇ ಪಿರ್ಲೊ ಹೊರನಡೆದರು.

ಚೆಲ್ಸಿ ಪರ 211 ಗೋಲು ಹೊಡೆದ ಫ್ರಾಂಕ್ ಲ್ಯಾಂಪಾರ್ಡ್ ಅವರಿಗೆ ಇದ್ದದ್ದು ಡರ್ಬಿ ಕೌಂಟಿಯ ಒಂದೇ ವರ್ಷದ ಅನುಭವ. 2019ರಲ್ಲಿ, ಹೊಸ ಆಟಗಾರರನ್ನು ಕೊಳ್ಳದಂತೆ ಕ್ಲಬ್ ಮೇಲೆ ನಿಷೇಧವಿದ್ದಾಗ ಅವರು ಬಂದರು. ಕಿರಿಯರಿಗೆ ಅವಕಾಶ ಕೊಟ್ಟು ನಾಲ್ಕನೇ ಸ್ಥಾನ ಗಳಿಸಿಕೊಟ್ಟದ್ದು ಸಣ್ಣ ಸಾಧನೆಯಲ್ಲ. ಆದರೆ 2021ರ ಜನವರಿಯಲ್ಲಿ ಅವರನ್ನು ತೆಗೆಯಲಾಯಿತು. ಅದೇ ತಂಡ ಥಾಮಸ್ ಟುಕೆಲ್ ಕೈಯಲ್ಲಿ ನಾಲ್ಕು ತಿಂಗಳಲ್ಲಿ ಚಾಂಪಿಯನ್ಸ್ ಲೀಗ್ ಗೆದ್ದಿತು. 2023ರಲ್ಲಿ ಹಂಗಾಮಿಯಾಗಿ ಮತ್ತೆ ಕರೆಸಿದಾಗ ಹನ್ನೊಂದು ಪಂದ್ಯಗಳಲ್ಲಿ ಸಿಕ್ಕಿದ್ದು ಒಂದೇ ಗೆಲುವು. ಅಭಿಮಾನಿಗಳ ಸಿಟ್ಟಿಗೆ ಆಡಳಿತ ಮಂಡಳಿ ತನ್ನ ಅತ್ಯುತ್ತಮ ಆಟಗಾರನನ್ನೇ ಗುರಾಣಿಯಾಗಿ ಹಿಡಿಯಿತು. ಇದನ್ನು ನಾನು ಕ್ಲಬ್ ತನ್ನ ಇತಿಹಾಸಕ್ಕೆ ಮಾಡುವ ಅನ್ಯಾಯ ಎನ್ನುತ್ತೇನೆ.

ಮ್ಯಾಂಚೆಸ್ಟರ್ ಯುನೈಟೆಡ್‌ನ ಓಲೆ ಗುನ್ನಾರ್ ಸೋಲ್‌ಷಾರ್ ಈ ಸಾಲಿಗೆ ಪೂರ್ತಿ ಸೇರುವವರಲ್ಲ. ಕ್ಲಬ್ಬಿನ ಮೀಸಲು ತಂಡಕ್ಕೆ ಕಲಿಸಿದ್ದರು, ನಾರ್ವೆಯ ಮೋಲ್ಡೆಗೆ ಎರಡು ಲೀಗ್ ಗೆದ್ದುಕೊಟ್ಟಿದ್ದರು. 2018ರ ಡಿಸೆಂಬರ್‌ನಲ್ಲಿ ಹಂಗಾಮಿಯಾಗಿ ಬಂದು 19 ಪಂದ್ಯಗಳಲ್ಲಿ 14 ಗೆದ್ದಾಗ, ಆ ಉತ್ಸಾಹದಲ್ಲೇ ಹುದ್ದೆ ಕಾಯಂ ಆಯಿತು. ಕ್ಲಬ್ಬಿನ ನಗು ಮರಳಿ ತಂದರು, 2021ರಲ್ಲಿ ಲೀಗಿನಲ್ಲಿ ಎರಡನೇ ಸ್ಥಾನಕ್ಕೆ ಏರಿಸಿದರು. ಟ್ರೋಫಿ ಮಾತ್ರ ಬರಲಿಲ್ಲ. ಹಂಗಾಮಿ ಕಾಲದ ಹುರುಪನ್ನು ದೀರ್ಘ ಯೋಜನೆಯೆಂದು ಭಾವಿಸಿದ್ದು ಕ್ಲಬ್ಬಿನ ಎಡವಟ್ಟು.

ಇವರೆಲ್ಲರ ಪಕ್ಕದಲ್ಲಿ ಜಿದಾನ್ ಅವರನ್ನಿಟ್ಟು ನೋಡಬೇಕು. 2006ರಲ್ಲಿ ಆಟ ಬಿಟ್ಟ ಅವರು ಮುಖ್ಯ ಕೋಚ್ ಆದದ್ದು ಹತ್ತನೇ ವರ್ಷದಲ್ಲಿ. ನಡುವೆ ಕಾರ್ಲೊ ಆನ್ಸೆಲೊಟ್ಟಿಗೆ ಸಹಾಯಕರಾಗಿ ಕೆಲಸ ಮಾಡಿದರು, ಮೂರನೇ ದರ್ಜೆಯಲ್ಲಿ ಆಡುತ್ತಿದ್ದ ಕಿರಿಯರ ತಂಡ ಕಾಸ್ಟಿಯಾವನ್ನು ನಡೆಸಿದರು. ಕ್ರಿಸ್ಟಿಯಾನೊ ರೊನಾಲ್ಡೊ ಅವರಂಥ ತಾರೆಯನ್ನು ಕೆಲವು ಪಂದ್ಯ ಹೊರಗೆ ಕೂರಿಸಿ ವಿಶ್ರಾಂತಿಗೆ ಒಪ್ಪಿಸುವುದು ಅವರಿಗೆ ಸಾಧ್ಯವಾಯಿತು. ಆಟಗಾರನ ಕೀರ್ತಿ ನಿಜವಾಗಿ ನೆರವಿಗೆ ಬರುವ ಜಾಗ ಅದು: ತಾರೆಗಳ ಡ್ರೆಸ್ಸಿಂಗ್ ರೂಮಿನಲ್ಲಿ ಅವರ ಮಾತಿಗೆ ಮೊದಲೇ ತೂಕವಿತ್ತು.

ಹೊರಗೆ ಕಲಿತು ಮರಳಿದವರು

ಇನ್ನೊಂದು ಹಾದಿ, ಹೊರಗೆ ಪೆಟ್ಟು ತಿಂದು ಕಲಿತು ಮರಳುವುದು. ಡಿಯೇಗೊ ಸಿಮಿಯೋನೆ 1996ರಲ್ಲಿ ಅಟ್ಲೆಟಿಕೊ ಮ್ಯಾಡ್ರಿಡ್‌ನ ಲೀಗ್-ಕಪ್ ಜೋಡಿ ಗೆಲುವಿನ ಆಟಗಾರ. ಕೋಚ್ ಆಗಿ ಅರ್ಜೆಂಟೀನಾದಲ್ಲಿ ಎಸ್ತುದಿಯಾಂತೆಸ್ ಮತ್ತು ರಿವರ್ ಪ್ಲೇಟ್ ತಂಡಗಳಿಗೆ ಪ್ರಶಸ್ತಿ ಗೆದ್ದುಕೊಟ್ಟು, ಇಟಲಿಯ ಕತಾನಿಯಾವನ್ನು ನಡೆಸಿ, 2011ರ ಡಿಸೆಂಬರ್‌ನಲ್ಲಿ ಹಳೆಯ ಕ್ಲಬ್ಬಿಗೆ ಬಂದರು. 2014 ಮತ್ತು 2021ರಲ್ಲಿ ಲೀಗ್, ಎರಡು ಯುರೋಪಾ ಲೀಗ್, ದಶಕ ಮೀರಿದ ಅಧಿಕಾರ. ಬ್ಯೂನಸ್ ಐರಿಸ್‌ನಲ್ಲಿ ಮಾರ್ಸೆಲೊ ಗಯಾರ್ದೊ ಅವರದೂ ಇದೇ ಕಥೆ. ಉರುಗ್ವೆಯ ನಾಸಿಯೊನಾಲ್‌ಗೆ ಲೀಗ್ ಗೆದ್ದುಕೊಟ್ಟು 2014ರಲ್ಲಿ ರಿವರ್ ಪ್ಲೇಟ್‌ಗೆ ಬಂದ ಅವರು 2015 ಮತ್ತು 2018ರಲ್ಲಿ ಲಿಬರ್ಟಡೋರೆಸ್ ಕಪ್ ಗೆದ್ದರು. ಎರಡನೆಯದು ಬದ್ಧವೈರಿ ಬೋಕಾ ವಿರುದ್ಧ.

ಹಳೆಯ ಆಟಗಾರರನ್ನು ಬೇರೆ ಹುದ್ದೆಗಳಲ್ಲಿ ಉಳಿಸಿಕೊಂಡು ಬೆಳೆದ ಕ್ಲಬ್‌ಗಳೂ ಇವೆ. ಬಯರ್ನ್ ಮ್ಯೂನಿಕ್ 1979ರಲ್ಲಿ 27 ವರ್ಷದ ಉಲಿ ಹೋನೆಸ್ ಅವರನ್ನು ವ್ಯವಹಾರ ನಡೆಸಲು ಕೂರಿಸಿತು. ಆ ಕ್ಲಬ್ಬಿನ ಇಂದಿನ ಸಿರಿವಂತಿಕೆಯ ಬುನಾದಿ ಅಲ್ಲಿದೆ. 2022ರಲ್ಲಿ ಎಸಿ ಮಿಲಾನ್ ಲೀಗ್ ಗೆದ್ದಾಗ ಪಾವ್ಲೊ ಮಾಲ್ಡಿನಿ ತಾಂತ್ರಿಕ ನಿರ್ದೇಶಕರಾಗಿದ್ದರು. ಅಕ್ಕರೆಯ ಆಟಗಾರನಿಗೆಲ್ಲ ಮ್ಯಾನೇಜರ್ ಕುರ್ಚಿಯೇ ಬೇಕೆಂದಿಲ್ಲ.

ನಮ್ಮ ಮೈದಾನಗಳಲ್ಲಿ

ಭಾರತದಲ್ಲಿ ಈ ಪರಂಪರೆ ಗಟ್ಟಿಯಾಗಿ ಬೇರುಬಿಟ್ಟದ್ದು ಕೋಲ್ಕತ್ತದಲ್ಲಿ. ಮೋಹನ್ ಬಗಾನ್ ರಕ್ಷಣೆಯಲ್ಲಿ ವರ್ಷಗಟ್ಟಲೆ ನಿಂತ ಸುಬ್ರತ ಭಟ್ಟಾಚಾರ್ಯ ಅದೇ ಕ್ಲಬ್ಬಿಗೆ ಕೋಚ್ ಆಗಿ ರಾಷ್ಟ್ರೀಯ ಲೀಗ್ ಗೆದ್ದುಕೊಟ್ಟರು. ಈಸ್ಟ್ ಬೆಂಗಾಲ್ ಪರ ಆಡಿದ್ದ ಸುಭಾಷ್ ಭೌಮಿಕ್ 2003ರಲ್ಲಿ ಆ ತಂಡವನ್ನು ಜಕಾರ್ತಕ್ಕೆ ಕರೆದೊಯ್ದು ಆಸಿಯಾನ್ ಕ್ಲಬ್ ಚಾಂಪಿಯನ್‌ಶಿಪ್ ಎತ್ತಿಸಿದರು. ಕೋಚಿಂಗ್ ಲೈಸೆನ್ಸ್ ಕಡ್ಡಾಯವಾದ ಮೇಲೆ ಭೌಮಿಕ್ ಅವರಂಥ ಅನುಭವಿಗಳೂ ‘ತಾಂತ್ರಿಕ ನಿರ್ದೇಶಕ’ ಎಂಬ ಹೆಸರಿನಲ್ಲಿ ಕೆಲಸ ಮಾಡಬೇಕಾಯಿತು. ಕಲಿಕೆಗೆ ಪ್ರಮಾಣಪತ್ರ ಬೇಕೆನ್ನುವ ನಿಯಮವನ್ನು ನಾನು ಒಪ್ಪುತ್ತೇನೆ. ಅದು ಅವಸರಕ್ಕೆ ಹಾಕಿದ ಕಡಿವಾಣ.

ಹಳೆಯ ಆಟಗಾರನನ್ನು ಮ್ಯಾನೇಜರ್ ಮಾಡಬೇಕೇ ಎಂಬ ಪ್ರಶ್ನೆ ಮುಂದೊಂದು ದಿನ ಬೆಂಗಳೂರಿಗೂ ಬರಲಿದೆ. 2013ರಲ್ಲಿ ಹುಟ್ಟಿದ ಬೆಂಗಳೂರು ಎಫ್‌ಸಿಗೆ ಮೊದಲ ವರ್ಷದಿಂದಲೂ ಮುಖವಾದವರು ಸುನಿಲ್ ಛೆಟ್ರಿ. ಕಂಠೀರವ ಕ್ರೀಡಾಂಗಣದ ಗ್ಯಾಲರಿಯಲ್ಲಿ ಅವರಿಗಿರುವ ಪ್ರೀತಿಯನ್ನು ಕಂಡವರಿಗೆ, ಅವರೇ ಮ್ಯಾನೇಜರ್ ಆಗಲಿ ಎಂಬ ಕೂಗು ಎಷ್ಟು ಜೋರಾಗಿರುತ್ತದೆಂದು ಊಹಿಸುವುದು ಕಷ್ಟವಲ್ಲ.

ಏನು ಮಾಡಬೇಕು

ದೊಡ್ಡ ಆಟಗಾರ ಒಳ್ಳೆಯ ಕೋಚ್ ಆಗಲಾರ ಎಂಬ ಮಾತನ್ನು ಇತಿಹಾಸ ಒಪ್ಪುವುದಿಲ್ಲ. ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎ ಬಗ್ಗೆ ಅಮಾಂಡಾ ಗುಡಾಲ್ ಮತ್ತು ಸಂಗಡಿಗರು 2011ರಲ್ಲಿ ಪ್ರಕಟಿಸಿದ ಅಧ್ಯಯನವು, ತಾರಾ ಆಟಗಾರರಾಗಿದ್ದ ಕೋಚ್‌ಗಳ ತಂಡಗಳು ಹೆಚ್ಚು ಗೆಲ್ಲುತ್ತವೆ ಎಂದು ಕಂಡುಕೊಂಡಿತು. ಹಾಗೆಂದು ಆಡಿದವರಷ್ಟೇ ಬಲ್ಲರು ಎಂಬುದೂ ನಿಜವಲ್ಲ: ವೃತ್ತಿಪರನಾಗಿ ಎಂದೂ ಆಡದ ಅರಿಗೊ ಸಾಕಿ ಮಿಲಾನ್‌ಗೆ ಎರಡು ಯುರೋಪಿಯನ್ ಕಪ್ ಗೆದ್ದುಕೊಟ್ಟರು. ಆಟದ ಅನುಭವ ದೊಡ್ಡ ಬಂಡವಾಳ. ಕಲಿಸುವ ವಿದ್ಯೆ ಬೇರೆಯೇ ದುಡಿಮೆಯಿಂದ ಬರುತ್ತದೆ.

ಆದ್ದರಿಂದ ಹಳೆಯ ಆಟಗಾರನಿಗೆ ತಂಡ ಒಪ್ಪಿಸಬಹುದೇ ಎಂದರೆ ನನ್ನ ಉತ್ತರ ‘ಹೌದು’, ಮೂರು ಷರತ್ತುಗಳ ಮೇಲೆ. ಅವನು ಕಿರಿಯರ ತಂಡದಲ್ಲೋ ಬೇರೆ ಊರಿನಲ್ಲೋ ಸೋಲು ಗೆಲುವು ಎರಡನ್ನೂ ಕಂಡು ಬಂದಿರಬೇಕು. ಅವನ ಸುತ್ತ ಪೇಸ್ಲಿಯಂಥ ಹಿರಿಯರು, ಗಟ್ಟಿಯಾದ ವ್ಯವಸ್ಥೆ ಇರಬೇಕು. ಮತ್ತು ಕ್ಲಬ್ ಅವನನ್ನು ಸೋಲಿನ ಬಿಸಿಯಲ್ಲಿ ಕರೆಯದೆ, ಹೀಗೆ ಆಡಬೇಕೆಂಬ ಸ್ಪಷ್ಟ ಯೋಜನೆಯೊಂದಿಗೆ ಕರೆಯಬೇಕು. ಇವು ಮೂರೂ ಇಲ್ಲದಿದ್ದರೆ ಅಭಿಮಾನಿಗಳು ‘ಈಗಲ್ಲ’ ಎನ್ನುವ ಧೈರ್ಯ ತೋರಬೇಕು. ಒಬ್ಬ ಆಟಗಾರ ಒಂದು ಊರಿಗೆ ಕೊಟ್ಟ ಹತ್ತು ಹದಿನೈದು ವರ್ಷಗಳ ಸಂತೋಷ ಆ ಊರಿನ ಆಸ್ತಿ. ಅದನ್ನು ಎಂಟು ಪಂದ್ಯಗಳ ಪಣಕ್ಕೆ ಒಡ್ಡುವ ಹಕ್ಕು ಯಾವ ಆಡಳಿತ ಮಂಡಳಿಗೂ ಇಲ್ಲ.