ಕಾವಲಿನ ಉಳ್ಳಿ

ಕಡೂರು ಸೀಮೆಯ ಎಮ್ಮೆದೊಡ್ಡಿ ಎಂಬ ಊರಿನ ಹೆಸರಿನಲ್ಲಿಯೇ ಒಂದು ಚರಿತ್ರೆ ಅಡಗಿದೆ. ದೊಡ್ಡಿ ಎಂದರೆ ದನಗಳನ್ನು ಕೂಡುವ ತಾಣ. ಬಾಬಾಬುಡನ್ ಬೆಟ್ಟಸಾಲಿನ ಮೂಡಣ ಮಗ್ಗುಲಿನ ಈ ಬಯಲುಸೀಮೆ ಬಹುಕಾಲ ಹುಲ್ಲಿನ ನಾಡಾಗಿತ್ತು. ಮೈಸೂರು ಅರಸರ ‘ಬೆಣ್ಣೆ ಚಾವಡಿ’ಯ ದನಗಳು ಮೇಯುತ್ತಿದ್ದುದು ಇಂಥ ಸೀಮೆಗಳ ಕಾವಲುಗಳಲ್ಲಿ. ಆ ಚಾವಡಿಗೆ ಅಮೃತಮಹಲ್ ಎಂದು ಹೆಸರಿಟ್ಟವನು ಟಿಪ್ಪು ಸುಲ್ತಾನ. 1799ರ ಅನಂತರ ಅದು ಇಂಗ್ಲಿಷರ ಆಡಳಿತಕ್ಕೆ ಬಂತು. ಉಳಿತಾಯದ ಹೆಸರಿನಲ್ಲಿ 1860ರಲ್ಲಿ ಅದನ್ನು ಮುಚ್ಚಿದರು, ಆರು ವರ್ಷ ಕಳೆದ ಮೇಲೆ ತಪ್ಪಿನ ಅರಿವಾಗಿ ಮತ್ತೆ ತೆರೆದರು. ಅಜ್ಜಂಪುರದ ತಳಿ ಸಂವರ್ಧನ ಕೇಂದ್ರ 1929ರದು. ಬೇಸಗೆಗೆ ಒಂದು, ಮಳೆಗಾಲಕ್ಕೆ ಒಂದು, ಚಳಿಗಾಲಕ್ಕೆ ಒಂದು ಎಂದು ಕಾವಲುಗಳನ್ನು ವಿಂಗಡಿಸಿದ್ದರಿಂದ ನೆಲ ನೇಗಿಲಿಗೆ ಸಿಗದೆ ಉಳಿಯಿತು.

ನೇಗಿಲು ಕಾಣದ ನೆಲದಲ್ಲಿ ಹುಲ್ಲಿನ ಜೊತೆಗೆ ಗಡ್ಡೆಗಳೂ ಬಾಳುತ್ತವೆ. ಕರ್ನಾಟಕದ ಒಣಬಯಲುಗಳಲ್ಲಿ ಬೆಳೆಯುವ ಅಂಥದೊಂದು ಗಡ್ಡೆಗೆ ಕಾಡು ಈರುಳ್ಳಿ ಎಂದು ಹೆಸರು. ಕಾಡು ಬೆಳ್ಳುಳ್ಳಿ ಎನ್ನುವವರೂ ಉಂಟು. ಹೆಸರು ಕೇಳಿದವರಿಗೆ ಇದು ತಿನ್ನತಕ್ಕದ್ದೇ ಎಂದು ತೋರುವುದು ಸಹಜ. ಉಳ್ಳಿ ನಮ್ಮ ಹಳೆಯ ಮಾತು: ಬಿಳಿಯದು ಬೆಳ್ಳುಳ್ಳಿ, ನೀರು ತುಂಬಿದ್ದು ನೀರುಳ್ಳಿ. ಆದರೆ ಕಾವಲಿನ ಈ ಉಳ್ಳಿ ಇವೆರಡರ ಬಳಗಕ್ಕೂ ಸೇರಿದ್ದಲ್ಲ. ಸಸ್ಯಶಾಸ್ತ್ರಜ್ಞ ರಾಕ್ಸ್‌ಬರ್ಗ್ ಇದನ್ನು ಸಿಲ್ಲಾ ಇಂಡಿಕಾ ಎಂದು ಕರೆದನು. ಮುಂದೆ ಅದು ಅರ್ಜೀನಿಯಾ ಆಗಿ, 1977ರಿಂದ ಡ್ರಿಮಿಯಾ ಇಂಡಿಕಾ ಎನಿಸಿಕೊಂಡಿದೆ. ಶಾಸ್ತ್ರವೇ ಇಷ್ಟು ಸಲ ಹೆಸರು ಬದಲಿಸಿರುವಾಗ ದನಗಾಹಿಯ ಮಾತನ್ನು ತಪ್ಪೆನ್ನುವುದು ಹೇಗೆ?

ಇದರ ಬಾಳಿನ ಕ್ರಮ ವಿಚಿತ್ರವಾದುದು. ನೆಲ ಕಾದು ಹುಲ್ಲೆಲ್ಲ ಒಣಗಿದ ಬೇಸಗೆಯಲ್ಲಿ, ಒಂದು ಎಲೆಯೂ ಇಲ್ಲದೆ, ನೀಳವಾದ ಹೂದಂಡು ಬರಿನೆಲದಿಂದ ಎದ್ದು ನಿಲ್ಲುತ್ತದೆ. ಮಾಸಲು ಬಣ್ಣದ ಹೂಗಳು ದಂಡಿನ ಉದ್ದಕ್ಕೆ ಬಿಡಿಬಿಡಿಯಾಗಿ ತೂಗುತ್ತವೆ. ಕತ್ತಲಾದ ಮೇಲೆ ಅರಳುತ್ತವೆ. ಮಳೆ ಬಿದ್ದ ಮೇಲೆ ಬರುವುದು ಪಟ್ಟಿಯಂಥ ಎಲೆ. ಹೂವಿರುವಾಗ ಎಲೆಯಿಲ್ಲ, ಎಲೆಯಿರುವಾಗ ಹೂವಿಲ್ಲ.

ನಿಜವಾದ ಬೆಳ್ಳುಳ್ಳಿಯ ಕುಲದಲ್ಲಿ ಹೂಗಳೆಲ್ಲ ದಂಡಿನ ತುದಿಯ ಒಂದೇ ಬಿಂದುವಿನಿಂದ ಕೊಡೆಯಂತೆ ಹರಡುತ್ತವೆ. ಎಲೆಯನ್ನಾಗಲಿ ಗಡ್ಡೆಯನ್ನಾಗಲಿ ಜಜ್ಜಿದರೆ ಘಾಟು ಏಳುತ್ತದೆ. ಜಜ್ಜುವ ತನಕ ಆ ವಾಸನೆ ಹುಟ್ಟಿರುವುದೇ ಇಲ್ಲ. ಜೀವಕೋಶ ಒಡೆದು ಎರಡು ವಸ್ತುಗಳು ಕೂಡಿದಾಗ ಅದು ಉಂಟಾಗುತ್ತದೆ. ಆಲಿಸಿನ್ ಎಂಬ ಆ ಘಾಟಿನ ದ್ರವ್ಯವನ್ನು 1944ರಲ್ಲಿ ಅಮೆರಿಕದ ಕ್ಯಾವಲಿಟೊ ಬೇರ್ಪಡಿಸಿದನು. ಕಾವಲಿನ ಗಡ್ಡೆಯನ್ನು ಜಜ್ಜಿದರೆ ಈ ವಾಸನೆ ಇಲ್ಲ. ಇರುವುದು ಕಹಿಯಾದ ಲೋಳೆ, ಮೈಗೆ ತಾಗಿದರೆ ನವೆ. ಬೆಳ್ಳುಳ್ಳಿಯಂತೆ ಎಸಳುಗಳಾಗಿಯೂ ಇದು ಒಡೆಯದು. ಪದರ ಪದರವಾಗಿ ನೀರುಳ್ಳಿಯನ್ನೇ ಹೋಲುತ್ತದೆ.

ಆ ಕಹಿಯಲ್ಲಿರುವುದು ಹೃದಯದ ಬಡಿತವನ್ನೇ ಹಿಡಿಯುವ ವಿಷ. ವಿಷವೇ ಔಷಧವೂ ಆಯಿತು. ಮೆಡಿಟರೇನಿಯನ್ ತೀರದ ಇದರ ಸೋದರ ಗಡ್ಡೆಯನ್ನು ವಿನಿಗರಿನಲ್ಲಿ ನೆನೆಯಿಟ್ಟು ಬಳಸುವ ಬಗೆಯನ್ನು ಒಂದನೆಯ ಶತಮಾನದ ಗ್ರೀಕ್ ವೈದ್ಯ ಡಯಾಸ್ಕೊರಿಡಿಸ್ ಬರೆದಿಟ್ಟಿದ್ದಾನೆ. ಕೆಮ್ಮಿಗೂ ಮೈನೀರಿಗೂ ಯುರೋಪು ಅದನ್ನು ಬಹುಕಾಲ ನೆಚ್ಚಿತ್ತು. ಅದಕ್ಕೆ ಬದಲಾಗಿ ಭಾರತದ ಗಡ್ಡೆ ಇಂಗ್ಲಿಷರ ಔಷಧಕೋಶಗಳಲ್ಲಿ ಸ್ಥಾನ ಪಡೆಯಿತು. ಪ್ರಮಾಣ ಮೀರಿದರೆ ವಾಂತಿ, ನಾಡಿಯ ಏರುಪೇರು, ಮರಣ.

ಹಾಗಾದರೆ ತಿನ್ನುವ ಕಾಡು ಬೆಳ್ಳುಳ್ಳಿ ಎಲ್ಲಿಯದು? ತಂಪು ನಾಡುಗಳದು. ಉತ್ತರಾಖಂಡದ ಎತ್ತರದ ಹಳ್ಳಿಗಳಲ್ಲಿ ಫರಣ್ ಎಂಬ ಕಾಡು ಉಳ್ಳಿಯ ಎಲೆಯನ್ನು ಒಣಗಿಸಿ ಒಗ್ಗರಣೆಗೆ ಹಾಕುತ್ತಾರೆ. ಯುರೋಪಿನ ಕಾಡುಗಳಲ್ಲಿ ವಸಂತದ ಮೊದಲಿಗೆ ನೆಲದ ತುಂಬ ಹಬ್ಬುವ ಅಗಲ ಎಲೆಯ ಜಾತಿಯೊಂದುಂಟು. ಅಲ್ಲಿಯೂ ಅದರ ಪಕ್ಕದಲ್ಲೇ ಬೆಳೆಯುವ ವಿಷದೆಲೆಗಳನ್ನು ಅದೆಂದು ಭ್ರಮಿಸಿ ತಿಂದು ಸತ್ತವರಿದ್ದಾರೆ. ಮೂಸಿ ನೋಡಿದರಾಯಿತು ಎನ್ನಬಹುದು. ಆದರೆ ನಾಲ್ಕು ಎಲೆ ಕಿತ್ತ ಬೆರಳಿಗೆ ಬೆಳ್ಳುಳ್ಳಿಯ ವಾಸನೆ ಹತ್ತಿದ ಮೇಲೆ ಐದನೆಯ ಎಲೆ ಯಾವುದಾದರೂ ಅದೇ ವಾಸನೆ ಬರುತ್ತದೆ!

ಮೇಯುವ ದನ ಈ ಕಹಿ ಎಲೆಗೆ ಸಾಮಾನ್ಯವಾಗಿ ಬಾಯಿಡದು. ದನದ ಹಿಂದೆ ನಡೆದವನು ಅದನ್ನು ನೋಡಿಯೇ ಕಲಿತನು. ‘ಕಾಡು’ ಎಂಬ ಮುನ್ನುಡಿ ಅವನ ಬಾಯಲ್ಲಿ ಒಂದು ಎಚ್ಚರಿಕೆಯಾಗಿತ್ತು. ಕಾವಲುಗಳು ಹೊಲಗಳಾದಂತೆ, ನೆಡುತೋಪುಗಳಾದಂತೆ ಆ ನಡಿಗೆ ನಿಂತಿದೆ. ಗಡ್ಡೆ ಮಾತ್ರ ಆಳದಲ್ಲಿ ಉಳಿದಿರುತ್ತದೆ. ಹೊಸದಾಗಿ ಉತ್ತ ನೆಲದಲ್ಲಿ, ಮೊದಲ ಮಳೆಯ ಮರುದಿನ, ಅದು ಬೆಳ್ಳಗೆ ಮೇಲೆ ಬಂದು ಬಿದ್ದಿರುತ್ತದೆ, ಥೇಟು ಉಳ್ಳಿಯಂತೆ.