ಗಡಿಯಾಚೆಯ ರಂಗಭಾಷೆ: ಬಿ.ವಿ. ಕಾರಂತರ ನಿರ್ದೇಶನದ ಕುರಿತು

ಬಿ.ವಿ. ಕಾರಂತರು (1929–2002) ಹುಟ್ಟಿದ ಮಂಚಿ ಗ್ರಾಮವು ಆಗ ಮದರಾಸು ಪ್ರಾಂತದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿತ್ತು. ಕಾಸರಗೋಡೂ ಅದೇ ಜಿಲ್ಲೆಯ ಭಾಗವಾಗಿತ್ತು. 1956ರಲ್ಲಿ ಎಳೆದ ಗೆರೆಯು ಯಕ್ಷಗಾನದ ಒಂದೇ ಬಯಲನ್ನು ಎರಡು ರಾಜ್ಯಗಳಿಗೆ ಹಂಚಿತು. ಅವರ ರಂಗಜೀವನವನ್ನೂ ಹೀಗೆಯೇ ಕನ್ನಡದ್ದು, ಹಿಂದಿಯದು ಎಂದು ಇಬ್ಭಾಗಿಸಿ ನೋಡುವ ರೂಢಿಯುಂಟು. ಅನುಕೂಲದ ದೃಷ್ಟಿಯಿಂದ ಇದು ಸರಿಯೆನಿಸಬಹುದು. ಅವರ ನಾಟಕಗಳು ಮಾತ್ರ ಇದಕ್ಕೆ ಒಗ್ಗುವುದಿಲ್ಲ.

ಗುಬ್ಬಿ ಕಂಪನಿಯಲ್ಲಿ ಬೆಳೆದ ಹುಡುಗ ಬನಾರಸಿನಲ್ಲಿ ಹಿಂದಿ ಎಂ.ಎ. ಮಾಡಿ, 1962ರಲ್ಲಿ ರಾಷ್ಟ್ರೀಯ ನಾಟಕ ಶಾಲೆಯಿಂದ ಹೊರಬಂದರು. ಕಾರ್ನಾಡರ 'ತುಘಲಕ್' ಹಿಂದಿಗೆ ಹೋದದ್ದು ಅವರ ಕೈಯಿಂದಲೇ. (ವೈದೇಹಿ ನಿರೂಪಿಸಿದ ಅವರ ಆತ್ಮಕಥನದ ಹೆಸರು 'ಇಲ್ಲಿರಲಾರೆ, ಅಲ್ಲಿಗೆ ಹೋಗಲಾರೆ'. ಗಡಿನಾಡಿನ ಓದುಗರಿಗೆ ಇದರ ವಿವರಣೆ ಬೇಕಿಲ್ಲ.)

1972ರಲ್ಲಿ ಬೆಂಗಳೂರಿನ ಬಯಲು ರಂಗದಲ್ಲಿ ಅವರು ಒಟ್ಟಿಗೇ ಎತ್ತಿಕೊಂಡ ನಾಟಕಗಳು ಮೂರು: ಸಾಫೊಕ್ಲಿಸನ 'ಈಡಿಪಸ್', ಕಂಬಾರರ 'ಜೋಕುಮಾರಸ್ವಾಮಿ', ಲಂಕೇಶರ 'ಸಂಕ್ರಾಂತಿ'. ಎರಡು ಸಾವಿರ ವರ್ಷಗಳಿಗೂ ಹಳೆಯ ಗ್ರೀಕ್ ಕೃತಿಯನ್ನೂ ಶಾಯಿಯಾರದ ಕನ್ನಡ ಕೃತಿಗಳನ್ನೂ ಅಕ್ಕಪಕ್ಕದಲ್ಲಿಟ್ಟ ಈ ಆಯ್ಕೆಯಲ್ಲಿ, ಅಭಿಜಾತ ಮತ್ತು ನವೀನ ಎಂಬ ಭೇದವೇ ನಿರ್ದೇಶಕನ ಮಟ್ಟಿಗೆ ನಿರರ್ಥಕವಾಗಿತ್ತು ಎಂಬುದು ಕಾಣುತ್ತದೆ.

ಇದರ ಕಠಿಣ ಪರೀಕ್ಷೆ ನಡೆದದ್ದು ದೆಹಲಿಯಲ್ಲಿ. 1977ರಲ್ಲಿ ನಾಟಕ ಶಾಲೆಯ ನಿರ್ದೇಶಕರಾದ ಕಾರಂತರು 1979ರಲ್ಲಿ 'ಬರ್ನಮ್ ವನ' ಆಡಿಸಿದರು. ಕೃತಿ ಶೇಕ್ಸ್‌ಪಿಯರನ 'ಮ್ಯಾಕ್‌ಬೆತ್', ಪದ್ಯಾನುವಾದ ಹಿಂದಿ ಕವಿ ರಘುವೀರ ಸಹಾಯರದು, ರಂಗಶೈಲಿ ಯಕ್ಷಗಾನದ್ದು. ಯಕ್ಷಗಾನವೆಂದರೆ ವೇಷಭೂಷಣವಷ್ಟೇ ಆಗಿದ್ದರೆ ಈ ಸಾಗಾಟ ಸುಲಭವಾಗುತ್ತಿತ್ತು. ಅಲ್ಲಿ ಹೆಜ್ಜೆ ತಾಳಕ್ಕೆ ಬದ್ಧ, ಮಾತು ಪದ್ಯದ ಬೆನ್ನಿಗೆ ಹುಟ್ಟುವಂಥದ್ದು. ಕನ್ನಡವರಿಯದ ನಟರು ಆ ಹೆಜ್ಜೆಯಲ್ಲಿ ನಿಂತು ಹಿಂದಿ ನುಡಿಯಬೇಕಾದರೆ, ಹಿಂದಿಯ ನಡಿಗೆಯೇ ಬದಲಾಗಬೇಕಾಗುತ್ತದೆ. ಕನ್ನಡದ ರಂಗಪರಂಪರೆಯು ಕನ್ನಡ ಶಬ್ದಗಳಿಲ್ಲದೆಯೂ ಸಂಚರಿಸಬಲ್ಲದೆಂಬ ನಂಬಿಕೆ ಈ ಪ್ರಯೋಗದ ಹಿಂದಿತ್ತು. ನನ್ನ ದೃಷ್ಟಿಯಲ್ಲಿ ಅವರ ಅತ್ಯಂತ ಧೈರ್ಯದ ಕೆಲಸ ಇದೇ.

ಮುಂದೆ ಭೋಪಾಲದ ಭಾರತ ಭವನದ ರಂಗಮಂಡಲದಲ್ಲಿ ಅವರು ಶಿಷ್ಟ ಹಿಂದಿಗೆ ಕಟ್ಟುಬೀಳದೆ ಬುಂದೇಲಿ, ಮಾಳವಿ, ಛತ್ತೀಸಗಢಿ ನುಡಿಗಳನ್ನು ರಂಗಕ್ಕೆ ತಂದರು. ಸೊಲ್ಲಾಪುರದ, ಕಾಸರಗೋಡಿನ ಕನ್ನಡ ತಂಡಗಳು ವೇದಿಕೆಯೇರುವಾಗ ತಮ್ಮ ಮನೆಯ ಕನ್ನಡವನ್ನು ತೆರೆಯ ಹಿಂದೆ ಬಿಟ್ಟು ಬರಬೇಕೇ ಎಂಬ ಪ್ರಶ್ನೆಯನ್ನು ಈ ಪ್ರಸಂಗದ ಬೆಳಕಿನಲ್ಲಿ ಕೇಳಿಕೊಳ್ಳಲು ಅವಕಾಶವಿದೆ. ಗ್ರಂಥಭಾಷೆಯಾಡಿದರಷ್ಟೇ ಕನ್ನಡವೆಂದು ಒಪ್ಪಿಸಬೇಕಾದ ಸ್ಥಿತಿ ನಮ್ಮಲ್ಲಿ ಇದ್ದೇ ಇದೆ.

1989ರಲ್ಲಿ ಮೈಸೂರಿನಲ್ಲಿ ರಂಗಾಯಣ ಆರಂಭವಾದಾಗ ಅದರ ಹೊಣೆ ಕಾರಂತರದಾಯಿತು. ಅವರು ಸಂಗೀತ ಹೊಂದಿಸಿ ಆಡಿಸಿದ 'ಗೋಕುಲ ನಿರ್ಗಮನ', ಮನೆಮಾತು ತಮಿಳಾಗಿದ್ದ ಮೇಲುಕೋಟೆಯ ಪು.ತಿ.ನ. ಅವರ ಕನ್ನಡ ಗೇಯನಾಟಕ.